ಮಂಗಳ ಹಾಡಿ ಮುಗಿಸಿದ ಜಪಾನಿನ ಕಥೆ

ಮಾತಾಡುವಾಗ ಎಡಗಿವಿಯನ್ನು ಅಂಗೈಯಿಂದ ಮುಚ್ಚಿಕೊಳ್ಳುವುದು ನಮ್ಮ ನೆರೆಮನೆಯ ಕಾಕಾ ಅವರ ಅಭ್ಯಾಸ. ಪುರಾಣ ಹೇಳುವಾಗ ತಮ್ಮ ದನಿ ತಮಗೆ ಕೇಳಲೆಂದು ಕಲಿತದ್ದು. ಕಡೆಗೆ ಬದನೆಕಾಯಿ ಚೌಕಾಸಿ ಮಾಡುವಾಗಲೂ ಕೈ ಕಿವಿಗೇ ಹೋಗುತ್ತಿತ್ತು.

ಅದು ನಿಜಾಮರ ಕಾಲ. ತಾಂಡೂರಿನ ಸ್ಟೇಷನ್ ಹಿಂದೆ ಟೆಂಟು ಹಾಕಿ ಮೂಕಿಚಿತ್ರ ತೋರಿಸುತ್ತಿದ್ದರು. ತೆರೆಯ ಪಕ್ಕ ನಿಂತು ಕಥೆ ಹೇಳುವ ಕೆಲಸ ಕಾಕಾ ಅವರದು. ತೆರೆಯ ಮೇಲಿನ ಬರಹ ಯಾವ ಭಾಷೆಯದಾದರೇನು, ಓದಲು ಬಂದರಲ್ಲವೇ ತೊಡಕು! ಕನ್ನಡ, ತೆಲುಗು, ಉರ್ದು ಕಲಸಿ ಲೀಲಾಜಾಲವಾಗಿ ಹೇಳುತ್ತಿದ್ದರು. ನನಗೆ ಕಥೆಯ ಹುಚ್ಚು ಹಿಡಿಸಿದವರೇ ಅವರು.

ಒಮ್ಮೆ ಜಪಾನಿನ ಚಿತ್ರ ಬಂತು. ಬಡವರ ಮನೆ, ಕೆಲಸ ಕಳೆದುಕೊಂಡ ತಂದೆ. ಕಡೆಯಲ್ಲಿ ಯಾರೋ ಹೆಂಗಸು ಹಿರಿಮಗಳನ್ನು ಕರೆದೊಯ್ಯುತ್ತಾಳೆ. ತಾಯಿ ನೆಲಕ್ಕೆ ಹಣೆ ಹಚ್ಚಿದವಳು ಏಳುವುದೇ ಇಲ್ಲ. ಚಿತ್ರ ಅಲ್ಲಿಗೆ ಮುಗಿಯುತ್ತದೆ. ಆದರೆ ಅಳುವಿನಲ್ಲಿ ಕಥೆ ಮುಗಿಸಿ ಜನರನ್ನು ಮನೆಗೆ ಕಳಿಸುವ ರೂಢಿ ಕಾಕಾ ಅವರ ಪುರಾಣಿಕ ಮನೆತನಕ್ಕಿರಲಿಲ್ಲ.

"ನೋಡ್ರೆವ್ವಾ, ತಾಯಿ ದೇವರಿಗಿ ಶರಣು ಮಾಡಾಕತ್ತಾಳ. ಮಗಳು ದೊಡ್ಡ ಮನಿ ಸೇರ್ಯಾಳ, ಸುಖದಾಗ ಅದಾಳ" ಎಂದು ಮಂಗಳ ಹಾಡಿಬಿಟ್ಟರು. ಟೆಂಟಿಗೆ ಟೆಂಟೇ ಚಪ್ಪಾಳೆ ತಟ್ಟಿತು.

ಹೆಂಗಸರ ಸಾಲಿನಲ್ಲಿ ನಮ್ಮವ್ವ ಇದ್ದಳು. ಕಲ್ಲಿನ ಗಣಿಯಲ್ಲಿ ಕಾಲು ಮುರಿದುಕೊಂಡು ಅಪ್ಪ ಹಾಸಿಗೆ ಹಿಡಿದಿದ್ದ ದಿನಗಳವು. ಅಕ್ಕನನ್ನು ಹೈದರಾಬಾದಿನ ದೊಡ್ಡ ಮನೆಯೊಂದರ ಕೆಲಸಕ್ಕೆ ಕಳಿಸೆಂದು ಒಬ್ಬಾಕೆ ದುಂಬಾಲು ಬಿದ್ದಿದ್ದಳು, ಅವ್ವ ಒಪ್ಪಿರಲಿಲ್ಲ. ಚಿತ್ರ ನೋಡಿದ ಮರುದಿನ ಆಕೆ ಬಂದಾಗ, ಅವ್ವ ಅಕ್ಕನ ತಲೆ ಬಾಚಿ ಕಳಿಸಿಕೊಟ್ಟಳು. ಆಮೇಲೆ ಅಕ್ಕನ ಸುದ್ದಿ ಬರಲೇ ಇಲ್ಲ.

"ಯಾಕ ಕಳಿಸಿದೆವ್ವಾ?" ಎಂದು ಕೆಲವು ತಿಂಗಳ ಮೇಲೆ ಒಂದು ದಿನ ಕಾಕಾ ಕೇಳಿದರು.

"ನೀವೇ ಹೇಳಿದ್ರಲ್ರಿ ಅಣ್ಣಾ, ಸುಖದಾಗ ಅದಾಳಂತ."

ಅವ್ವನ ದನಿಯಲ್ಲಿ ಸಿಟ್ಟಿರಲಿಲ್ಲ. ಕಾಕಾ ಅಂದೇ ಟೆಂಟಿನ ಕೆಲಸ ಬಿಟ್ಟರು. ಹೈದರಾಬಾದಿಗೆ ಹೋಗಿ ಓಣಿ ಓಣಿ ಅಲೆದರು. ಅಕ್ಕನನ್ನು ಕರೆದೊಯ್ದಾಕೆ ಹೇಳಿದ ಮೊಹಲ್ಲಾದಲ್ಲಿ ಅಂಥ ಮನೆಯೇ ಇರಲಿಲ್ಲ. ಬರಿಗೈಯಲ್ಲಿ ಬಂದು ನಮ್ಮ ಬಾಗಿಲ ಹೊರಗೆ ನಿಂತರು.

"ಅದು ನಾ ಕಟ್ಟಿದ ಮಾತವ್ವಾ. ಆ ತಾಯಿ ಅಳಾಕತ್ತಿದ್ದಳು. ನನಗ ಕಾಣ್ತಿತ್ತು."

"ಬಿಸಿಲಾಗ ನಿಂತೀರಿ, ಒಳಗ ಬರ್ರಿ" ಎಂದು ಅವ್ವ ಮಜ್ಜಿಗೆ ತಂದುಕೊಟ್ಟಳು. ಕಾಕಾ ಅದನ್ನು ಕುಡಿಯಲಾರದೆ ಕುಡಿದರು.

ಆಮೇಲೆ ಅವರು ಪುರಾಣವನ್ನೂ ಹೇಳಲಿಲ್ಲ. ನನ್ನ ಮದುವೆಗೆ ಮೊದಲೇ ತೀರಿಕೊಂಡರು. ಅವ್ವ ಅವರನ್ನು ಎಂದೂ ಒಂದು ಮಾತು ಅನ್ನಲಿಲ್ಲ. ಒಮ್ಮೆಯಾದರೂ ಬೈದಿದ್ದರೆ ಅವರು ಇನ್ನಷ್ಟು ದಿನ ಬದುಕುತ್ತಿದ್ದರೇನೋ.