ಮುಂಚೆಯೇ ತೀರಿಸಿದ ಹರಕೆ

ಬೋವಿಕಾನದವರು ಪ್ರವೀತನನ್ನು ಗ್ರಾಂಡ್ ಮಾಸ್ಟರ್ ಮಾಡಿದ್ದು ಒಂದು ಬುಧವಾರ ಬೆಳಿಗ್ಗೆ. ಜಗತ್ತಿನ ಚೆಸ್ ಸಂಸ್ಥೆಗೆ ಮಾತ್ರ ಆ ವಿಷಯ ಇನ್ನೂ ಗೊತ್ತಿರಲಿಲ್ಲ.

ಪ್ರವೀತ್ ನಮ್ಮ ಟೈಲರ್ ಉಗ್ಗಪ್ಪಣ್ಣನ ಒಬ್ಬನೇ ಮಗ. ನಾನು ಅವನಿಗೆ ಶಾಲೆಯಲ್ಲಿ ಕನ್ನಡ ಕಲಿಸಿದವನು. ಚೆಸ್ಸಿನಲ್ಲಿ ನನಗೆ ಕುದುರೆ ಹಾರುವುದು ಹೇಗೆಂದು ಗೊತ್ತು, ಅಷ್ಟೇ. ಅವನಾದರೋ ಏಳನೇ ಕ್ಲಾಸಿನಲ್ಲೇ ಜಿಲ್ಲೆಯ ದೊಡ್ಡವರನ್ನು ಸೋಲಿಸಿ, ಕಾಲೇಜು ಮುಗಿಯುವಷ್ಟರಲ್ಲಿ ಇಂಟರ್‌ನ್ಯಾಷನಲ್ ಮಾಸ್ಟರ್ ಆಗಿದ್ದ. ಅದರ ಮೇಲೆ ಉಳಿದದ್ದು ಒಂದೇ ಮೆಟ್ಟಿಲು. ಅದಕ್ಕೆ ಎಂತ ಬೇಕು ಎಂದು ಊರಿನವರು ಕೇಳಿದಾಗೆಲ್ಲ "ಮೂರು ನಾರ್ಮ್ ಬೇಕು" ಅನ್ನುತ್ತಿದ್ದ. ನಾರ್ಮ್ ಎಂದರೆ ಘಟಾನುಘಟಿಗಳು ಸೇರಿದ ಒಂದು ಟೂರ್ನಮೆಂಟಿನಲ್ಲಿ ಗ್ರಾಂಡ್ ಮಾಸ್ಟರ್ ಮಟ್ಟದಲ್ಲಿ ಆಡಿ ತೋರಿಸುವುದು. ಅದರ ಜೊತೆಗೆ ರೇಟಿಂಗ್ ಎಂಬ ಅಂಕ ಒಂದು ಸಲವಾದರೂ ಎರಡೂವರೆ ಸಾವಿರ ಮುಟ್ಟಬೇಕು. ಈ ಎರಡನೇ ಮಾತನ್ನು ಅವನು ಯಾರಿಗೂ ಬಿಡಿಸಿ ಹೇಳಿರಲಿಲ್ಲ. ಬಸ್ಸಿಗೆ ಕಾಯುವವರ ಎದುರು ರೇಟಿಂಗಿನ ಪಾಠ ಮಾಡುತ್ತಾ ಕೂರುವುದು ಯಾರಿಂದ ಆಗುತ್ತದೆ?

ಚೆನ್ನೈಯಲ್ಲಿ ಮೂರನೇ ನಾರ್ಮ್ ಆಯಿತು. ರೇಟಿಂಗಿಗೆ ಇನ್ನೂ ಹದಿಮೂರು ಅಂಕ ಬಾಕಿ. ಅವನು ರೈಲಿನಿಂದ ಕಾಸರಗೋಡಿನಲ್ಲಿ ಇಳಿದರೆ ಸ್ಟೇಷನ್ ಹೊರಗೆ ಚೆಂಡೆಮೇಳ! ಊರಿನ ಕ್ಲಬ್ಬಿನ ಕಾರ್ಯದರ್ಶಿ ಲತೀಶ್, ಪ್ರವೀತನ ಬಾಲ್ಯದ ಗೆಳೆಯ, ಹಾರ ಹಿಡಿದು ನಿಂತಿದ್ದ. ನಮ್ಮ ಕಡೆ ಎಸ್ಸೆಸ್ಸೆಲ್ಸಿಯಲ್ಲಿ ಫುಲ್ ಎ ಪ್ಲಸ್ ತೆಗೆದರೂ ಸಂಜೆಯೊಳಗೆ ಜಂಕ್ಷನಿನಲ್ಲಿ ಫ್ಲೆಕ್ಸ್ ಏಳುತ್ತದೆ. ಇನ್ನು ಇಂಥದ್ದಕ್ಕೆ ಕೇಳಬೇಕೇ? ಬೋವಿಕಾನದ ಪೇಟೆಯಲ್ಲಿ ಕನ್ನಡದಲ್ಲೂ ಮಲಯಾಳದಲ್ಲೂ "ನಮ್ಮೂರ ಹೆಮ್ಮೆಯ ಗ್ರಾಂಡ್ ಮಾಸ್ಟರ್" ಎಂದು ಬರೆಸಿ ನಿಲ್ಲಿಸಿದ್ದರು. ಅದರಲ್ಲಿ ಪ್ರವೀತನ ಮುಖ ಬಸ್ಸಿನ ಚಕ್ರಕ್ಕಿಂತ ದೊಡ್ಡದಿತ್ತು.

"ಲತೀಶಾ, ಇನ್ನೂ ಆಗ್ಲಿಲ್ಲ ಮಾರಾಯ" ಎಂದು ತೆರೆದ ಜೀಪಿನಲ್ಲಿ ನಿಂತು ಇವನು ಹೇಳಿದನಂತೆ.

"ಎಂತ ಆಗ್ಲಿಲ್ಲ? ಮೂರು ಆಯ್ತಲ್ಲ, ಪೇಪರಿನಲ್ಲೇ ಉಂಟು. ನೀನು ಕೈ ಬೀಸು ಮಾರಾಯ, ಜನ ನೋಡ್ತಾ ಇದ್ದಾರೆ!"

ಆ ಚೆಂಡೆಯ ಎದುರು ಮತ್ತೆ ಬಾಯಿ ಬಿಡುವ ಧೈರ್ಯ ಅವನಿಗೆ ಬರಲಿಲ್ಲ. ಹದಿಮೂರು ಅಂಕ ತಾನೇ, ಬರುವ ಟೂರ್ನಮೆಂಟಿನಲ್ಲಿ ತೆಗೆದುಬಿಟ್ಟರೆ ಯಾರಿಗೂ ತಿಳಿಯುವುದಿಲ್ಲ ಎಂದುಕೊಂಡ. ಸನ್ಮಾನದಲ್ಲಿ ಸ್ವಾಗತ ಭಾಷಣ ನನ್ನದೇ. ಶಾಲು ಹೊದ್ದು ತಲೆ ತಗ್ಗಿಸಿ ಕೂತವನನ್ನು ತೋರಿಸಿ "ವಿನಯ ಎಂದರೆ ಇದು" ಎಂದು ಹೊಗಳಿದೆ ಕೂಡ.

ಅಷ್ಟಕ್ಕೇ ನಿಂತಿದ್ದರೆ ಹೇಗಾದರೂ ಬಿಡಿಸಿಕೊಳ್ಳುತ್ತಿದ್ದ. ಆದರೆ ಅವನ ಅಮ್ಮ ಪ್ರೇಮಾವತಿ, ಮಗ ಗ್ರಾಂಡ್ ಮಾಸ್ಟರ್ ಆದರೆ ಕುಟುಂಬದ ದೈವಕ್ಕೆ ಕೋಲದ ಸೇವೆ ಕೊಡುತ್ತೇನೆಂದು ವರ್ಷಗಳ ಹಿಂದೆಯೇ ಹರಕೆ ಹೇಳಿಕೊಂಡಿದ್ದರು. ಕೇಳಿದ್ದು ಸಿಕ್ಕಿದ ಮೇಲೆ ಹರಕೆಯನ್ನು ತಡಮಾಡುವವರು ನಮ್ಮಲ್ಲಿಲ್ಲ. "ಸ್ವಲ್ಪ ಕಾಯುವಾ ಅಮ್ಮಾ" ಎಂದ ಇವನು. "ಸುಮ್ಮನಿರು ಮಗಾ. ಕೊಟ್ಟ ದೈವವನ್ನು ಕಾಯಿಸ್ಲಿಕ್ಕೆ ಉಂಟಾ?" ಎಂದರು ಅವರು. ನೆಕ್ರಾಜೆಯ ತರವಾಡು ಮನೆಯಲ್ಲಿ, ಎಂದರೆ ಕುಟುಂಬದ ಮೂಲಮನೆಯಲ್ಲಿ, ಕೋಲಕ್ಕೆ ದಿನ ನಿಶ್ಚಯವಾಗಿಯೇ ಬಿಟ್ಟಿತು.

ಕೋಲದಲ್ಲಿ ಇಡೀ ಕುಟುಂಬ ಕೈಮುಗಿದು ನಿಂತಿತ್ತು. ವೇಷ ಕಟ್ಟಿದವನ ಮೈಮೇಲೆ ಬಂದ ದೈವ ಪ್ರವೀತನನ್ನು ಎದುರಿಗೆ ಕರೆಯಿತು. ನಿನ್ನ ತಾಯಿ ನನ್ನಲ್ಲಿ ಬೇಡಿಕೊಂಡದ್ದು ಕೈಗೂಡಿತಲ್ಲ, ಸಂತೋಷವೇ ಎಂದು ನುಡಿಯಿತು. ಆ ಪ್ರಶ್ನೆಗೆ ಎಲ್ಲರೂ ಹೇಳುವುದು ಒಂದೇ ಉತ್ತರ. ಪಕ್ಕದಲ್ಲಿ ಅಮ್ಮ ಸೆರಗಿನಿಂದ ಕಣ್ಣೊರೆಸಿಕೊಳ್ಳುತ್ತಿದ್ದರು. ಅವನು "ಸಂತೋಷ" ಎಂದ.

"ಊರಿನವರ ಹತ್ತಿರ ಹೇಳಿದ ಸುಳ್ಳಾದರೆ ಒಂದು ದಿನ ನಗಾಡಿ ಬಿಡ್ತಾರೆ ಮಾಸ್ಟ್ರೇ" ಎಂದು ಮೂರು ವರ್ಷ ಕಳೆದು ಎಲ್ಲ ಮುಗಿದ ಮೇಲೆ ನನ್ನ ಜಗಲಿಯಲ್ಲಿ ಕೂತು ಹೇಳಿದ. "ಇದು ಹಾಗಲ್ಲ. ಅಮ್ಮನ ಹರಕೆಯನ್ನೇ ನಾನು ಸುಳ್ಳು ಮಾಡಿದೆ. ಗೊತ್ತಾದರೆ ಅವರು ಹೆದರಿಯೇ ಸಾಯ್ತಾರೆ."

ಬಾಯಲ್ಲಿ ಬಿಸಿ ತುಪ್ಪ. ನುಂಗುವ ಹಾಗಿಲ್ಲ, ಉಗುಳುವ ಹಾಗಿಲ್ಲ. ಉಳಿದದ್ದು ಒಂದೇ ದಾರಿ, ಹೇಳಿದ ಸುಳ್ಳನ್ನು ಆಡಿ ನಿಜ ಮಾಡುವುದು. ಆಟಕ್ಕೆ ಕೂತರೆ ಹೆದರಿಕೆ. ಗೆಲ್ಲುವ ಆಟದಲ್ಲಿ ತಾನೇ ಡ್ರಾ ಕೇಳುತ್ತಿದ್ದ, ನಿನ್ನೆ ಮೊನ್ನೆ ಬಂದವರ ಕೈಯಲ್ಲಿ ಸೋಲುತ್ತಿದ್ದ. ಹದಿಮೂರು ಇದ್ದ ಬಾಕಿ ಐವತ್ತಾಯಿತು. ಫ್ಲೆಕ್ಸ್ ಬಿಸಿಲಿಗೆ ಬಿಳಿಚಿಕೊಂಡಾಗ ಅವನಿಗೆ ತುಸು ಉಸಿರು ಬಂತು. ಲತೀಶ್ ಸುಮ್ಮನಿರುತ್ತಾನೆಯೇ, ಇನ್ನೂ ದೊಡ್ಡದೊಂದನ್ನು ಹಾಕಿಸಿದ! ಅದರ ಕೆಳಗೆ ನಿಲ್ಲಲಾರದೆ ಪ್ರವೀತ್ ಮುಂದಿನ ಸ್ಟಾಪಿನವರೆಗೆ ನಡೆದು ಬಸ್ ಹತ್ತುತ್ತಿದ್ದ.

ಎಡನೀರಿನಲ್ಲಿ ಮಕ್ಕಳ ಚೆಸ್ ಶಿಬಿರದ ಉದ್ಘಾಟನೆಗೆ ಕರೆದರು, ಹೋಗಲಿಲ್ಲ. ದೊಡ್ಡ ಜನ ಆದ ಎಂದು ಆಡಿಕೊಂಡರು. "ಆಗುವುದೆಲ್ಲ ಆಯ್ತಲ್ಲ ಮಗಾ, ಇನ್ನು ಎಂತಕ್ಕೆ ಊರೂರು ತಿರುಗುವುದು? ಇಲ್ಲೇ ಒಂದು ಕೋಚಿಂಗ್ ಕ್ಲಾಸ್ ಮಾಡು" ಎಂದು ಉಗ್ಗಪ್ಪಣ್ಣ ದಿನಾ ಹೇಳುತ್ತಿದ್ದರು. ಕ್ಲಾಸಿನ ಬೋರ್ಡಿನಲ್ಲಿ ಹೆಸರಿನ ಮುಂದೆ ಏನು ಬರೆಸುವುದು? ಅದನ್ನೂ ಮಾಡಲಿಲ್ಲ. ಆಗ ಏನೂ ಗೊತ್ತಿಲ್ಲದ ನನಗೂ ಸಿಟ್ಟು ಬಂದಿತ್ತು, ಈ ಹುಡುಗನಿಗೆ ಎಷ್ಟು ಕೊಬ್ಬು ಎಂದು.

ಮೂರನೇ ವರ್ಷ ಚಳಿಗಾಲದಲ್ಲಿ ಹಂಗೇರಿಗೆ ಹೋದ. ಅಷ್ಟರಲ್ಲಿ ಕಳೆದುಕೊಂಡದ್ದನ್ನು ತೆವಳಿಕೊಂಡು ಹಿಂದೆ ತಂದಿದ್ದ. ಕೊನೆಯ ಸುತ್ತಿನಲ್ಲಿ ಗೆದ್ದರೆ ಎರಡೂವರೆ ಸಾವಿರ ಮುಟ್ಟುತ್ತದೆ, ಡ್ರಾ ಆದರೆ ಇಲ್ಲ. ಎದುರಿಗೆ ಆ ದೇಶದ ಒಬ್ಬ ಹಳೇ ಹುಲಿ, ನರೆತ ಗ್ರಾಂಡ್ ಮಾಸ್ಟರ್. ಆಟ ಸಮಸಮವಾಗಿ ಸಾಗಿತ್ತು. ಮುದುಕ ಡ್ರಾ ಎಂದು ಕೈ ಚಾಚಿದ. ಪ್ರವೀತನ ಕೈಯೂ ಅರ್ಧದವರೆಗೆ ಹೋಯಿತು. ಎಷ್ಟು ವರ್ಷದ ಅಭ್ಯಾಸ!

ಆಗ ಅವನಿಗೆ ಸಾಕಾಯಿತಂತೆ. ಸೋತರೆ ಸೋಲುವಾ, ಊರಿಗೆ ಹೋಗಿ ಅಮ್ಮನ ಕಾಲಿಗೆ ಬಿದ್ದು ಎಲ್ಲ ಹೇಳಿಬಿಡುವಾ ಎಂದುಕೊಂಡ. ಹಾಗೆ ನಿಶ್ಚಯಿಸಿದ್ದೇ ತಡ, ಹೆದರಿಕೆ ಹೋಯಿತು. ಕೈಯನ್ನು ಹಿಂದೆ ಎಳೆದುಕೊಂಡು ಆಟ ಮುಂದುವರಿಸಿದ. ಸಂಜೆಯಾಗುವಾಗ ಅವನ ಒಂದು ಕಾಲಾಳು ಕೊನೆಯ ಮನೆಯ ಬಾಗಿಲಿಗೆ ಬಂದಿತ್ತು. ಒಳಗೆ ಹೊಕ್ಕರೆ ಅದು ರಾಣಿಯಾಗುತ್ತದಂತೆ, ತಡೆಯಲು ಮುದುಕನಲ್ಲಿ ಯಾರೂ ಇರಲಿಲ್ಲ.

ಮುದುಕ ಆಟ ಬಿಟ್ಟುಕೊಟ್ಟ. ವಿಷಯವೇನೆಂದು ತೀರ್ಪುಗಾರರು ತಿಳಿಸಿದಾಗ ಎದ್ದು ಬಂದು ಪ್ರವೀತನನ್ನು ಬಿಗಿಯಾಗಿ ಅಪ್ಪಿಕೊಂಡ. ಅಕ್ಕಪಕ್ಕದ ಮೇಜಿನವರು ಎದ್ದು ಕೈಕುಲುಕಿದರು. ಒಬ್ಬರ ಹೆಸರೂ ಇವನಿಗೆ ಗೊತ್ತಿಲ್ಲ.

ಹೊರಗೆ ಬಂದು ಮನೆಗೆ ಫೋನ್ ಮಾಡಿದ. ಕಾಲಿಗೆ ಬೀಳುವ ಮಾತು ಈಗ ಬೇಡವಾಗಿತ್ತು. ಆದರೆ ಗ್ರಾಂಡ್ ಮಾಸ್ಟರ್ ಆದೆ ಎಂದು ಹೇಳುವ ಹಾಗೂ ಇರಲಿಲ್ಲ. ಇಪ್ಪತ್ತು ವರ್ಷ ಆ ಒಂದು ಮಾತನ್ನು ಅಮ್ಮನಿಗೆ ಹೇಳಲೆಂದೇ ಆಡಿದ್ದ.

"ಅಮ್ಮಾ, ಗೆದ್ದೆ" ಎಂದ.

"ಒಳ್ಳೆದಾಯ್ತು ಮಗಾ. ಗ್ರಾಂಡ್ ಮಾಸ್ಟರ್ ಅಲ್ವಾ, ಗೆಲ್ಲದೆ ಎಂತ? ಊಟ ಆಯ್ತಾ?"

ಇವನು ಮೂಗು ಒರೆಸಿಕೊಂಡದ್ದು ಅಲ್ಲಿಗೆ ಕೇಳಿಸಿರಬೇಕು.

"ಶೀತ ಆಗಿದೆಯಾ?" ಎಂದರು ಪ್ರೇಮಾವತಿ. "ಅಲ್ಲಿ ಚಳಿ ಜೋರುಂಟು ಅಂತ ಅಪ್ಪ ಹೇಳ್ತಾ ಇದ್ರು. ಕಿವಿಗೆ ಎಂತಾದ್ರೂ ಕಟ್ಟಿಕೊಂಡು ಮಲಗು."