ಉಗುರಿನ ರುಕ್ಮಿಣಿ ಸಿಸ್ಟರ್

ರುಕ್ಮಿಣಿ ಸಿಸ್ಟರ್ ಜನರನ್ನು ಮುಖ ನೋಡಿ ಗುರುತು ಹಿಡಿಯುತ್ತಿರಲಿಲ್ಲ, ಕಾಲಿನ ಹೆಬ್ಬೆರಳು ನೋಡಿ ಹಿಡಿಯುತ್ತಿದ್ದರು. ಒಮ್ಮೆ ಗಾಂಧಿಬಜಾರಿನಲ್ಲಿ ಸಫಾರಿ ತೊಟ್ಟ ದೊಡ್ಡ ಮನುಷ್ಯರೊಬ್ಬರು ಎದುರಿಗೆ ಬಂದು ಕೈ ಜೋಡಿಸಿ, "ಹೇಗಿದೀರಿ ಸಿಸ್ಟರ್?" ಎಂದರು. ಸಿಸ್ಟರ್ ಅವರ ಮುಖವನ್ನೇ ಪಿಳಿಪಿಳಿ ನೋಡಿದರು. ಯಾರೆಂದು ಹೊಳೆಯಲಿಲ್ಲ. ಆಮೇಲೆ ಅವರ ಕಣ್ಣು ನಿಧಾನವಾಗಿ ಕೆಳಗಿಳಿದು ಆ ಮನುಷ್ಯರ ಚಪ್ಪಲಿಯ ಮೇಲೆ ನಿಂತಿತು. "ಓ, ಎಡಗಾಲಿನವರು. ಒಳಮೂಲೆ ಚುಚ್ಚಿತ್ತು. ಈಗ ನೋವಿಲ್ಲ ತಾನೆ?" ಆ ಮಹಾನುಭಾವರು ನಡುಬೀದಿಯಲ್ಲಿ ಚಪ್ಪಲಿ ಬಿಟ್ಟು ಬೆರಳು ತೋರಿಸಿದರು. ಸಿಸ್ಟರ್ ಬಗ್ಗಿ ನೋಡಿ ತಲೆಯಾಡಿಸಿದರು. ಸೊಪ್ಪಿನ ಚೀಲ ಹಿಡಿದು ಪಕ್ಕದಲ್ಲಿ ನಿಂತಿದ್ದ ನನಗೆ ಎಲ್ಲಿಗಾದರೂ ಓಡಿಹೋಗೋಣ ಅನ್ನಿಸಿತ್ತು.

ಇದು ತೊಂಬತ್ತರ ದಶಕದ ಮಾತು. ಚಾಮರಾಜಪೇಟೆಯ ಒಂದು ಸಣ್ಣ ಕ್ಲಿನಿಕ್ಕಿನಲ್ಲಿ ನಾನು ಕಾಂಪೌಂಡರ್ ಆಗಿದ್ದೆ. ಡಾಕ್ಟರು, ಸಿಸ್ಟರ್, ನಾನು, ಮೂರೇ ಜನ. ಬಾಟಲಿಗೆ ಕಾಗದ ಅಂಟಿಸಿ ಮಿಕ್ಸ್ಚರ್ ಕೊಡುವ ಕಾಲ ಮುಗಿಯುತ್ತ ಬಂದಿತ್ತು. ಡಾಕ್ಟರ ಕೈಬರಹ ಓದುವುದೊಂದೇ ನನಗೆ ಉಳಿದಿದ್ದ ವಿದ್ಯೆ, ಅದರ ಬಗ್ಗೆ ನನಗೆ ಸಾಕಷ್ಟು ಜಂಬವೂ ಇತ್ತು. ಸಿಸ್ಟರ್ ನನಗಿಂತ ಹತ್ತು ವರ್ಷ ದೊಡ್ಡವರು, ಐವತ್ತರ ಹತ್ತಿರ. ಗಿಡ್ಡ ಆಳು, ಗಂಜಿ ಹಾಕಿದ ಬಿಳಿ ಸೀರೆ, ದಾರ ಕಟ್ಟಿದ ಕನ್ನಡಕ. ಡ್ರೆಸ್ಸಿಂಗ್ ರೂಮಿನಲ್ಲಿ ರೋಗಿಗೆ ಕುರ್ಚಿ, ಅವರಿಗೆ ಗೇಣೆತ್ತರದ ಒಂದು ಮಣೆ. ಬಂದವರ ಪಾದವನ್ನು ಮಡಿಲಲ್ಲಿಟ್ಟುಕೊಂಡೇ ಮಾತು ಶುರು ಮಾಡುತ್ತಿದ್ದರು. ಜ್ವರ, ಕೆಮ್ಮು ಡಾಕ್ಟರ ಪಾಲಿಗೆ. ಕಾಲಿನ ಉಗುರು ಮಾತ್ರ ಸಿಸ್ಟರ್ ಪಾಲಿಗೆ, ಅದಕ್ಕೆ ಡಾಕ್ಟರೂ ತಕರಾರು ಮಾಡುತ್ತಿರಲಿಲ್ಲ.

ನೋಡಿದರೆ ಉಗುರು ಅಷ್ಟು ದೊಡ್ಡ ವಿಷಯವೇ ಅನ್ನಿಸುತ್ತದೆ. ಅದು ಚುಚ್ಚಿಕೊಂಡವರನ್ನು ಕೇಳಿ. ಮಾರ್ಕೆಟ್ಟಿನಲ್ಲಿ ಕ್ವಿಂಟಲ್ ಮೂಟೆ ಹೊರುವ ಆಳುಗಳು ಹೊದಿಕೆ ತಾಗಿದರೆ ನಿದ್ದೆಯಿಲ್ಲ ಎಂದು ಕಣ್ಣಲ್ಲಿ ನೀರು ಹಾಕುವುದನ್ನು ನಾನೇ ನೋಡಿದ್ದೇನೆ. ಕೆಲವರು ಬೆರಳಿಗೆ ನಿಂಬೆಹಣ್ಣನ್ನು ಟೋಪಿಯ ಹಾಗೆ ತೊಡಿಸಿಕೊಂಡು ಬರುತ್ತಿದ್ದರು, ಕೆಲವರು ಸುಣ್ಣ ಅರಿಶಿನ ಮೆತ್ತಿಕೊಂಡು. ಸಿಸ್ಟರ್ ನಿಂಬೆಹಣ್ಣು ತೆಗೆದು, ಬಿಸಿನೀರಿಗೆ ಉಪ್ಪು ಹಾಕಿ, ಅದರಲ್ಲಿ ಕಾಲಿಡಿಸಿ, ಕಾಲು ಗಂಟೆ ಪಾಠ ಮಾಡುತ್ತಿದ್ದರು.

"ಕೈಯುಗುರು ಗುಂಡಗೆ, ಕಾಲುಗುರು ನೆಟ್ಟಗೆ. ಇಷ್ಟು ನೆನಪಿಟ್ಕೊಳ್ಳಿ ಸಾಕು. ನೀವು ಚಂದ ಕಾಣ್ಲಿ ಅಂತ ಮೂಲೆ ಒಳಗಡೆಗೆ ಕತ್ತರಿಸ್ತೀರಿ. ಅದು ಬೆಳೀವಾಗ ದಾರಿ ಗೊತ್ತಾಗ್ದೆ ಮಾಂಸಕ್ಕೆ ನುಗ್ಗತ್ತೆ. ತಪ್ಪು ಉಗುರಿಂದಲ್ಲ, ನಿಮ್ಮದು. ಆಮೇಲೆ ಪಿನ್ನು ತಗೊಂಡು ಅಗೀತೀರಿ. ಉಗುರಲ್ಲಿ ಹೋಗೋದಕ್ಕೆ ಕೊಡಲಿ ತಗೊಂಡ್ರಂತೆ, ಹಾಗಾಗತ್ತೆ."

ಸ್ನಾನವಾದ ಮೇಲೆ, ಉಗುರು ಮೆತ್ತಗಿರುವಾಗ ಕತ್ತರಿಸಬೇಕು. ತುದಿಯಲ್ಲಿ ಒಂದು ಗೆರೆಯಷ್ಟು ಬಿಳಿ ಬಿಡಬೇಕು. ಮಂಗಳವಾರ ಶುಕ್ರವಾರ ಉಗುರು ತೆಗೆಯಬಾರದು ಎನ್ನುವವರಿಗೆ, "ನಾನು ತೆಗೀತೀನಿ, ಪಾಪ ನನಗೇ ಬರ್ಲಿ" ಎನ್ನುತ್ತಿದ್ದರು. ಶೂ ಕೊಳ್ಳುವುದಕ್ಕೆ ಸಂಜೆಯೇ ಹೋಗಬೇಕು, ಅಷ್ಟು ಹೊತ್ತಿಗೆ ಪಾದ ಊದಿ ನಿಜವಾದ ಅಳತೆಗೆ ಬಂದಿರುತ್ತದೆ. "ಬೆಳಿಗ್ಗೆ ಕಾಲು ಸುಳ್ಳು ಹೇಳತ್ತೆ" ಎಂಬುದು ಅವರ ಮಾತು. ಜೂನ್ ತಿಂಗಳಲ್ಲಿ ಸ್ಕೂಲು ಶುರುವಾದ ಎರಡನೇ ವಾರಕ್ಕೆ ಮಕ್ಕಳ ಸಾಲೇ ಬರುತ್ತಿತ್ತು, ಎಲ್ಲವೂ ಹಿಂದಿನ ವರ್ಷದ ಶೂಗೆ ಕಾಲು ತುರುಕಿದ್ದವು. ತಾಯಂದಿರಿಗೆ ಬೈಗುಳ, ಮಕ್ಕಳಿಗೆ ಪೆಪ್ಪರಮಿಂಟು.

ಒಂದು ಸಲ ಮದುವಣಗಿತ್ತಿಯೊಬ್ಬಳನ್ನು ಅವಳ ತಾಯಿ ಕರೆತಂದರು. ಬಲಗಾಲಿನ ಹೆಬ್ಬೆರಳಿಗೆ ಉಗುರುಸುತ್ತು, ಕೆಂಪಗೆ ಊದಿಕೊಂಡಿದೆ. ನಾಡಿದ್ದು ಮುಹೂರ್ತ. ಸಪ್ತಪದಿಯಲ್ಲಿ ವರ ಅದೇ ಬೆರಳನ್ನು ಹಿಡಿದು ಏಳು ಹೆಜ್ಜೆ ಇಡಿಸಬೇಕು. ಹುಡುಗಿ ಗಂಡನ ಮನೆಗೆ ಹೆದರಿರಲಿಲ್ಲ, ಆ ಏಳು ಹೆಜ್ಜೆಗೆ ಹೆದರಿದ್ದಳು. ಸಿಸ್ಟರ್ ಕೀವು ತೆಗೆದು, ಉಗುರಿನ ಮೂಲೆಯ ಕೆಳಗೆ ಹತ್ತಿಯ ಎಳೆ ಸಿಕ್ಕಿಸಿ ಕಳಿಸಿದರು. ಅಷ್ಟಕ್ಕೇ ಬಿಡದೆ ನನ್ನನ್ನೂ ಎಳೆದುಕೊಂಡು ಛತ್ರಕ್ಕೆ ಹೋದರು. ಮಂಟಪದ ಪಕ್ಕ ನಿಂತು ವರನಿಗೆ, "ನೋಡಪ್ಪ, ಹೆಬ್ಬೆರಳು ಹಿಡಿದ ಹಾಗೆ ಮಾಡು, ಹಿಡಿಯೋದು ಮಾತ್ರ ಪಕ್ಕದ್ದು" ಎಂದರು. ಪುರೋಹಿತರು ಶಾಸ್ತ್ರದಲ್ಲಿ ಅಂಗುಷ್ಠವೆಂದೇ ಇದೆ ಎಂದು ಮುಖ ಗಂಟು ಹಾಕಿದರು. "ಶಾಸ್ತ್ರ ಬರೆದವರಿಗೆ ಉಗುರುಸುತ್ತು ಆಗಿರ್ಲಿಲ್ಲ ಸ್ವಾಮಿ" ಎಂದರು ಸಿಸ್ಟರ್. ಪಾಪ, ಆ ಹುಡುಗ ಹೆದರಿ ಬೆರಳು ಮುಟ್ಟಲೇ ಇಲ್ಲ. ಅವನು ಕೈ ಚಾಚುವುದರೊಳಗೆ ಹುಡುಗಿ ತಾನೇ ಏಳು ಹೆಜ್ಜೆ ಇಟ್ಟು ಮುಗಿಸಿದ್ದಳು. ನಾವು ಎರಡನೇ ಪಂಕ್ತಿಯಲ್ಲಿ ಊಟ ಮಾಡಿ ಬಂದೆವು.

ಸಿಸ್ಟರ್‌ಗೆ ನಿಜವಾಗಿ ಸಿಟ್ಟು ಬರುತ್ತಿದ್ದುದು ಹೆಜ್ಜೆ ನಮಸ್ಕಾರದ ಹೆಂಗಸರ ಮೇಲೆ. ನಮ್ಮ ಕಡೆ ಅದೊಂದು ಹರಕೆ. ಬರಿಗಾಲಲ್ಲಿ, ಒಂದು ಪಾದದ ಹಿಮ್ಮಡಿಯನ್ನು ಇನ್ನೊಂದು ಪಾದದ ಹೆಬ್ಬೆರಳಿಗೆ ತಾಗಿಸಿ, ಹೆಜ್ಜೆಗೆ ಹೆಜ್ಜೆ ಸೇರಿಸುತ್ತ ಗುಡಿ ಸುತ್ತುವುದು. ಸಾವಿರಾರು ಸಲ ಹಿಮ್ಮಡಿ ಬಂದು ಉಗುರಿಗೆ ಗುದ್ದುತ್ತದೆ. ಒಳಬೆಳೆದ ಉಗುರಿದ್ದವರಿಗೆ ಮುಗಿದೇ ಹೋಯಿತು. "ದೇವರ ಹತ್ರ ಏನು ಬೇಕಾದ್ರೂ ಕೇಳಿ, ಆದ್ರೆ ಒಂದು ಬೆರಳು ಜಾಗ ಬಿಟ್ಟು ನಡೀರಿ. ಅವನೇನು ಸ್ಕೇಲ್ ಹಿಡ್ಕೊಂಡು ಕೂತಿಲ್ಲ" ಎಂದು ಅಜ್ಜಿಯರಿಗೂ ಮುಲಾಜಿಲ್ಲದೆ ಹೇಳುತ್ತಿದ್ದರು. ಶುಗರ್ ಇದ್ದವರಾದರೆ ಬರಿಗಾಲಲ್ಲಿ ಅಂಗಳಕ್ಕೂ ಇಳಿಯಕೂಡದು ಎಂದು ಆಣೆ ಹಾಕಿಸಿಕೊಳ್ಳುತ್ತಿದ್ದರು.

ಅವರಿಗಿದ್ದುದು ಒಬ್ಬಳೇ ತಂಗಿ, ವಿಶಾಲು. ಹನ್ನೆರಡು ವರ್ಷ ಚಿಕ್ಕವಳು, ಪ್ರೈಮರಿ ಸ್ಕೂಲಿನಲ್ಲಿ ಟೀಚರ್. ತಾಯಿ ಬೇಗ ಹೋಗಿದ್ದರಿಂದ ಸಿಸ್ಟರೇ ಸಾಕಿದ್ದರು. ಇಬ್ಬರೂ ಮದುವೆಯಾಗಿರಲಿಲ್ಲ. ಅಕ್ಕ ಬೈಯುವುದು, ತಂಗಿ ನಗುವುದು, ಆ ಮನೆ ನಡೆಯುತ್ತಿದ್ದುದು ಹಾಗೆ. ಆ ವಿಶಾಲುವಿನ ಎರಡೂ ಕಿಡ್ನಿ ಕೆಟ್ಟವು. ವಾರಕ್ಕೆರಡು ಸಲ ಆಟೋದಲ್ಲಿ ಕೂರಿಸಿಕೊಂಡು ಡಯಾಲಿಸಿಸ್‌ಗೆ ಹೋಗಿಬರುವುದು ಶುರುವಾಯಿತು. ಸಿಸ್ಟರ್ ತಮ್ಮದೊಂದು ಕಿಡ್ನಿ ಕೊಡುತ್ತೇನೆಂದು ಹೊರಟರು. ಪರೀಕ್ಷೆ ಮಾಡಿದಾಗ ಅವರಿಗೇ ಶುಗರ್ ಇದೆಯೆಂದು ಗೊತ್ತಾಯಿತು. ಆಸ್ಪತ್ರೆಯವರು ನಿಮ್ಮದು ಬರುವುದಿಲ್ಲ ಎಂದುಬಿಟ್ಟರು. ಬೇರೆ ಕೊಡುವವರು ಯಾರೂ ಇರಲಿಲ್ಲ. ಆವತ್ತು ಸಂಜೆ ಅವರು ಎಂದಿನ ಹಾಗೆ ಮಣೆಯ ಮೇಲೆ ಕೂತು ನಾಲ್ಕು ಜನರ ಉಗುರು ನೋಡಿದರು. ಪಾಠ ಮಾತ್ರ ಮಾಡಲಿಲ್ಲ.

ನಾನು ಶನಿವಾರ ಬೆಳಿಗ್ಗೆ ಹೆಂಡತಿಯ ಕಾಟಕ್ಕೆ ನಮ್ಮ ಬಡಾವಣೆಯ ಆಂಜನೇಯನ ಗುಡಿಗೆ ಹೋಗುವವನು. ಅಲ್ಲಿ ಒಂದು ದಿನ ರುಕ್ಮಿಣಿ ಸಿಸ್ಟರ್ ಹಿಮ್ಮಡಿಗೆ ಬೆರಳು ತಾಗಿಸುತ್ತ ಗುಡಿ ಸುತ್ತುವುದನ್ನು ಕಂಡೆ. ಬರಿಗಾಲು. ನನ್ನನ್ನು ನೋಡಿಯೂ ನಿಲ್ಲಲಿಲ್ಲ. ಮೂರು ಸುತ್ತು ಮುಗಿಸಿ ಬಂದು ನನ್ನ ಪಕ್ಕ ಕಟ್ಟೆಯ ಮೇಲೆ ಕೂತರು.

"ನಗಬೇಡಿ ಮೂರ್ತಿ" ಎಂದರು. "ನಂಗೇನೂ ನಂಬಿಕೆ ಬಂದಿಲ್ಲ. ವಿಶಾಲು ಹೊತ್ತ ಹರಕೆ, ನಲವತ್ತೆಂಟು ದಿನ. ಅವಳಿಗೆ ಬಚ್ಚಲಿಗೆ ಹೋಗಕ್ಕೇ ಆಗಲ್ಲ, ಇನ್ನು ಗುಡಿ ಸುತ್ತೋದೆಲ್ಲಿ ಬಂತು. ನೀನು ನಡೆದ್ರೂ ನಂಗೇ ಸೇರತ್ತೆ ಅಕ್ಕ ಅಂತಾಳೆ."

"ನಡೀರಿ, ಒಂದು ಬೆರಳು ಜಾಗ ಬಿಟ್ಟು ನಡೀರಿ. ನಿಮ್ಮ ಮಾತೇ ಅಲ್ವಾ ಅದು?"

"ದಿನಾ ಕೇಳ್ತಾಳೆ, ತಾಗಿಸಿ ತಾನೆ ನಡೆದೆ ಅಂತ. ಬೆರಳಿನ ವಿಷಯ ನಂಗೆಲ್ಲ ಗೊತ್ತು ಮೂರ್ತಿ. ಅವಳ ವಿಷಯದಲ್ಲಿ ಮಾಡಕ್ಕೆ ಇನ್ನೇನು ಉಳಿದಿದೆ, ನೀವೇ ಹೇಳಿ."

ಅವಳು ಉಳಿಯುವುದಿಲ್ಲ ಎಂದು ನಮ್ಮ ಡಾಕ್ಟರು ನನಗೆ ಹೇಳಿಯಾಗಿತ್ತು. ಸಿಸ್ಟರ್‌ಗೆ ಹೇಳಬೇಕಾದ ಅಗತ್ಯವೂ ಇರಲಿಲ್ಲ.

ತಿಂಗಳು ಕಳೆಯುವುದರೊಳಗೆ ಅವರ ಬಲಗಾಲಿನ ಉಗುರು ಒಳಗೆ ನುಗ್ಗಿ ಬೆರಳು ಬದನೆಕಾಯಿಯ ಬಣ್ಣಕ್ಕೆ ತಿರುಗಿತು. ಬಟ್ಟೆ ಸುತ್ತಿಕೊಂಡು ಕುಂಟುತ್ತ ಕೆಲಸಕ್ಕೆ ಬರುತ್ತಿದ್ದರು. ಹರಕೆಯ ಮೂವತ್ತಾರನೇ ದಿನ ಸುತ್ತು ಮುಗಿಸಿ ಬಂದಾಗ ಜ್ವರವೂ ಬಂತು. ಡಾಕ್ಟರು ಕೂಗಾಡಿದರು. ಶುಗರ್ ಇಟ್ಟುಕೊಂಡು ಹೀಗೆ ಮಾಡಿದರೆ ಬೆರಳಲ್ಲ, ಪಾದವೇ ಹೋಗುತ್ತದೆ. ಇವತ್ತೇ ಉಗುರಿನ ಅಂಚು ತೆಗೆಯಬೇಕು, ಒಂದು ವಾರ ನಡೆಯಬಾರದು ಎಂದರು. ಸಿಸ್ಟರ್ ಗೋಡೆ ನೋಡುತ್ತ ಕೂತಿದ್ದರು. ಡಾಕ್ಟರು ಸೋತು ಒಳಗೆ ಹೋದ ಮೇಲೆ ನಾನು ಮಾತಿಗೆ ಕೂತೆ. ನೀವು ಹಾಸಿಗೆ ಹಿಡಿದರೆ ಅವಳನ್ನು ಡಯಾಲಿಸಿಸ್‌ಗೆ ಯಾರು ಕರೆದೊಯ್ಯುತ್ತಾರೆ ಎಂದೆ. ವಾರ ಬೇಡ, ಮೂರೇ ದಿನ ಎಂದೆ. ಕೊನೆಗೆ ಈ ಬುದ್ಧಿಯನ್ನೂ ನಾನೇ ಹೇಳಿಕೊಟ್ಟೆ: "ವಿಶಾಲುಗೆ ಹೇಳಬೇಡಿ. ಗುಡಿಗೆ ಹೋಗೋ ಹೊತ್ತಿಗೆ ಮನೆ ಬಿಡಿ, ಇಲ್ಲಿ ಬಂದು ಕೂತ್ಕೊಳ್ಳಿ. ನಾನು ಬಂದು ಬಾಗಿಲು ತೆಗೆದಿರ್ತೀನಿ."

ಬಹಳ ಹೊತ್ತಾದ ಮೇಲೆ ಅವರು ಕಾಲು ಮುಂದೆ ಚಾಚಿದರು.

ಡಾಕ್ಟರು ಮರಗಟ್ಟುವ ಇಂಜೆಕ್ಷನ್ ಕೊಟ್ಟು ಅಂಚು ತೆಗೆದರು, ಡ್ರೆಸ್ಸಿಂಗ್ ನಾನು ಮಾಡಿದೆ. ಮುಂದಿನ ಮೂರು ದಿನ ಬೆಳಿಗ್ಗೆ ಆರಕ್ಕೇ ಬಂದು ಕ್ಲಿನಿಕ್ಕಿನ ಬೀಗ ತೆಗೆದೆ. ಸಿಸ್ಟರ್ ಆಟೋದಲ್ಲಿ ಬಂದು ರೋಗಿಗಳ ಕುರ್ಚಿಯಲ್ಲಿ ಕೂತು, ಕಾಲನ್ನು ಸ್ಟೂಲಿನ ಮೇಲಿಡುತ್ತಿದ್ದರು. ನಾನು ಹೋಟೆಲಿನಿಂದ ಫ್ಲಾಸ್ಕಿನಲ್ಲಿ ಕಾಫಿ ತರುತ್ತಿದ್ದೆ. ಮೊದಲ ದಿನ ಮಾತಿಲ್ಲ. ಎರಡನೇ ದಿನ ನನ್ನ ಬ್ಯಾಂಡೇಜನ್ನು ನೋಡಿ, "ಪಂಚೆ ಉಟ್ಕೊಂಡ ಹಾಗಿದೆ" ಎಂದು ನಕ್ಕರು. ಮೂರನೇ ದಿನ ವಿಶಾಲು ಮೊದಲ ಸಲ ನಡೆದ ಕತೆ ಹೇಳಿದರು. ತಾನು ಹಿಮ್ಮುಖವಾಗಿ ನಡೆಯುತ್ತ ಎರಡು ಬೆರಳು ಚಾಚಿದ್ದನ್ನು, ಅವಳು ಅದನ್ನು ಹಿಡಿಯದೆ ಸೀರೆಯ ಸೆರಗು ಹಿಡಿದದ್ದನ್ನು. ಏಳೂವರೆಗೆ ಎದ್ದು ಕುಂಕುಮದ ಪೊಟ್ಟಣ ಕೇಳುತ್ತಿದ್ದರು. ಅದನ್ನು ನಾನು ಬರುವಾಗ ಗುಡಿಯಿಂದ ತಂದಿಡುತ್ತಿದ್ದೆ, ಮನೆಯಲ್ಲಿ ಅನುಮಾನ ಬರಬಾರದಲ್ಲ. ಇಷ್ಟು ಅಚ್ಚುಕಟ್ಟಾಗಿ ಇನ್ಯಾವ ಕೆಲಸವನ್ನೂ ನಾನು ಮಾಡಿದವನಲ್ಲ. ಹೇಳಬಾರದು, ಆದರೂ ಹೇಳುತ್ತೇನೆ, ಆ ಮೂರು ಬೆಳಗುಗಳಲ್ಲಿ ನನಗೆ ತುಂಬ ಸಂತೋಷವಾಗಿತ್ತು.

ನಾಲ್ಕನೇ ದಿನ ಅವರು ಮತ್ತೆ ಗುಡಿಗೆ ಹೋದರು. ಐದನೇ ದಿನವೂ ಹೋದರು. ಅವತ್ತು ಸಂಜೆ ವಿಶಾಲು ತೀರಿಕೊಂಡಳು.

ಸೂತಕ, ಹದಿಮೂರನೇ ದಿನದ ಊಟ ಎಲ್ಲ ಮುಗಿಯಿತು. ನಾನು ಊಟಕ್ಕೆ ಹೋಗಿದ್ದೆ, ಆದರೆ ನೆಂಟರ ಗುಂಪಿನಲ್ಲಿ ಮಾತಾಡಲು ಆಗಲಿಲ್ಲ. ಮಾರನೆಯ ದಿನ ಮಧ್ಯಾಹ್ನ, ರೋಗಿಗಳಿಲ್ಲದ ಹೊತ್ತಿನಲ್ಲಿ, ಸಿಸ್ಟರ್ ಕ್ಲಿನಿಕ್ಕಿಗೆ ಬಂದರು. ಬಿಳಿ ಸೀರೆ ಉಟ್ಟಿರಲಿಲ್ಲ. ಕೆಲಸಕ್ಕೆ ಬಂದದ್ದಲ್ಲ ಎಂದು ಆಗಲೇ ನನಗೆ ತಿಳಿಯಿತು. ಕುರ್ಚಿಯಲ್ಲಿ ಕೂತು ಕಾಲು ಮುಂದಿಟ್ಟರು. ನಾನು ಅವರ ಮಣೆಯ ಮೇಲೆ ಕೂತು ಪಟ್ಟಿ ಬಿಚ್ಚಿದೆ. ಊತ ಇಳಿದಿತ್ತು, ಕೆಂಪಿರಲಿಲ್ಲ, ಅಂಚಿನಲ್ಲಿ ಹೊಸ ಉಗುರು ನೆಟ್ಟಗೆ ಬರುತ್ತಿತ್ತು.

"ಚೆನ್ನಾಗಿ ವಾಸಿಯಾಗಿದೆ ಸಿಸ್ಟರ್" ಎಂದೆ. ನನ್ನ ದನಿಯಲ್ಲಿ ಸ್ವಲ್ಪ ಹೆಮ್ಮೆಯೂ ಇತ್ತು ಎಂದು ಈಗ ನೆನೆದರೆ ಮೈ ಹಿಡಿಯಷ್ಟಾಗುತ್ತದೆ.

ಅವರು ಬೆರಳನ್ನು ಬೇರೆ ಯಾರದ್ದೋ ಎಂಬಂತೆ ನೋಡಿದರು. "ಹೌದು, ಚೆನ್ನಾಗಿದೆ."

ಆಮೇಲೆ ಹೇಳಿದರು. "ಅವತ್ತು ಮಧ್ಯಾಹ್ನ ಕೇಳಿದ್ಲು ಮೂರ್ತಿ, ಎಷ್ಟಾಯ್ತಕ್ಕ ಅಂತ. ನಲವತ್ತೊಂದು ಅಂದೆ. ಇನ್ನೇಳೇ ದಿನ ಅಂತ ಬೆರಳು ಎಣಿಸಿ ನಕ್ಕಳು. ಆಗಿದ್ದು ಮೂವತ್ತೆಂಟು."

"ಅದಕ್ಕೂ ಇದಕ್ಕೂ ಸಂಬಂಧ ಇಲ್ಲ. ನಿಮಗೆ ಗೊತ್ತಿಲ್ವಾ ಸಿಸ್ಟರ್?"

"ಗೊತ್ತು. ಕಿಡ್ನಿ ಹೋಗಿತ್ತು, ಅವಳು ಹೋದ್ಲು. ನೀವು ಹೇಳಿದ್ದೂ ಸರಿಯಾಗೇ ಇತ್ತು, ನಾನಾಗಿದ್ರೂ ಅದನ್ನೇ ಹೇಳ್ತಿದ್ದೆ." ಕನ್ನಡಕದ ದಾರ ಸರಿಮಾಡಿಕೊಂಡರು. "ಹುಟ್ಟಿದಾಗಿಂದ ಅವಳಿಗೆ ಒಂದು ಸುಳ್ಳೂ ಹೇಳಿರ್ಲಿಲ್ಲ. ಕೊನೇ ಮಾತು ಸುಳ್ಳಾಗೋಯ್ತು."

ಅವರ ಪಾದ ಇನ್ನೂ ನನ್ನ ಕೈಯಲ್ಲೇ ಇತ್ತು. ಅವರು ಮೆಲ್ಲಗೆ ಅದನ್ನು ಬಿಡಿಸಿಕೊಂಡು ಚಪ್ಪಲಿಗೆ ಸೇರಿಸಿದರು, ಡ್ರೆಸ್ಸಿಂಗ್ ರೂಮಿನ ಬೀಗದ ಕೈಯನ್ನು ಮೇಜಿನ ಮೇಲಿಟ್ಟರು. ಚಿಂತಾಮಣಿಯಲ್ಲಿ ಯಾರೋ ಸೋದರತ್ತೆಯ ಮಗಳಿದ್ದಾಳೆ, ಅಲ್ಲಿಗೆ ಹೋಗುತ್ತೇನೆ ಎಂದರು. ವಿಳಾಸ ಕೇಳಬೇಕೆಂದು ನನಗೆ ತೋಚಲಿಲ್ಲ. ಮತ್ತೆ ಅವರನ್ನು ನಾನು ನೋಡಲಿಲ್ಲ.

ಬಾಗಿಲಲ್ಲಿ ನಿಂತು ಅವರು ಹೋಗುವುದನ್ನು ನೋಡಿದೆ. ಮೆಟ್ಟಿಲಿಳಿದು, ರಸ್ತೆ ದಾಟಿ, ತಿರುವಿನವರೆಗೂ ನೇರವಾಗಿ ನಡೆದುಹೋದರು. ಸ್ವಲ್ಪವೂ ಕುಂಟುತ್ತಿರಲಿಲ್ಲ.