ಗುಡ್ಡದ ದಾರಿಗೆ ಅಡ್ಡ ಕುಳಿತವಳು

ಮೊನ್ನೆ ಸಿಂಧನೂರಿನ ಬಸ್ಸಿನಲ್ಲಿ ಯಾರದೋ ಚೀಲದಿಂದ ಕಳಿತ ಸೀತಾಫಲದ ವಾಸನೆ ಬಂತು. ಪಕ್ಕದವರು ಕಿಟಕಿ ತೆರೆದರು. ನನಗೆ ಸೀತಾಫಲ ಮಾರುತ್ತಿದ್ದ ಆ ಅವ್ವ ನೆನಪಾದಳು...

ಎಂಬತ್ತರ ದಶಕದ ಕೊನೆಯಲ್ಲಿ ನಾನು ಮಸ್ಕಿ ಸಮೀಪದ ಹಳ್ಳಿಯೊಂದರ ಶಾಲೆಗೆ ಹೊಸದಾಗಿ ಶಿಕ್ಷಕಿಯಾಗಿ ಹೋಗಿದ್ದೆ. ಬೇಡರ ಓಣಿಯ ಆಕೆ ಗುಡ್ಡದಲ್ಲಿ ಸೀತಾಫಲ ಕಿತ್ತು ತಂದು ಶಾಲೆಯ ಗೇಟಿನ ಬಳಿ ಮಾರುತ್ತಿದ್ದಳು. ಓದು ಬಾರದು. ಹಣ್ಣು ಸುತ್ತಿದ ಹಳೆಯ ಪೇಪರನ್ನೇ ನನ್ನ ಕೈಗಿಟ್ಟು, "ಇದರಾಗ ಏನೈತಿ ಓದ್ರಿ ಟೀಚರಮ್ಮ" ಎನ್ನುವಳು. ಒಂದು ದಿನ ಅದರಲ್ಲಿ ಸಮುದ್ರದಾಚೆಯ ಯಾವುದೋ ಮಳೆಕಾಡಿನ ಸುದ್ದಿ ಇತ್ತು. ಮರ ಸಾಗಿಸುವ ಲಾರಿಗಳಿಗೆ ಅಡ್ಡವಾಗಿ ಅಲ್ಲಿನ ಕಾಡಿನ ಜನ ಮಕ್ಕಳುಮರಿ ಕಟ್ಟಿಕೊಂಡು ದಾರಿಯಲ್ಲಿ ಕುಳಿತಿದ್ದರಂತೆ.

"ಲಾರಿ ಹಿಂದಕ ಹೋದ್ವೇನ್ರಿ?"

ಪೇಪರ್ ಅಲ್ಲಿಗೇ ಹರಿದಿತ್ತು. ಆಕೆಯ ಮುಖ ನೋಡಿ, "ಹೋದ್ವು ಅವ್ವ" ಎಂದುಬಿಟ್ಟೆ.

ಮರುವರ್ಷ ಶ್ರಾವಣದಲ್ಲಿ ಗುಡ್ಡ ಬೋಳಿಸಿ ನೀಲಗಿರಿ ಸಸಿ ಹಚ್ಚಲು ಗುತ್ತೇದಾರನೊಬ್ಬ ಬಂದ. ಆಕೆ ಹೋಗಿ ಲಾರಿಯ ದಾರಿಗೆ ಅಡ್ಡ ಕುಳಿತಳು. ಅವನ ಆಳುಗಳು ಎಳೆದ ರಭಸಕ್ಕೆ ಬಲಗೈ ಮುರಿಯಿತು. ಸುದ್ದಿ ಕೇಳಿ ಓಣಿಯ ಹೆಂಗಸರೆಲ್ಲ ಬಂದು ಕುಳಿತರು. ಕಾಡು ಉಳಿಸಬೇಕೆಂದು ಓಡಾಡುತ್ತಿದ್ದ ಲಿಂಗಸುಗೂರಿನ ವಕೀಲರೊಬ್ಬರು, ಕಾಲೇಜಿನ ಮೇಷ್ಟ್ರೊಬ್ಬರು ಬಂದು ಜೊತೆಗೂಡಿದರು. ಅರ್ಜಿ ಬರೆದವಳು ನಾನೇ. ಆಕೆ ಎಡಗೈ ಹೆಬ್ಬೆಟ್ಟು ಒತ್ತಿದಳು. ನೌಕರಿಯ ಹೆದರಿಕೆಗೆ ನಾನು ಸಹಿ ಹಾಕಲಿಲ್ಲ...

ನಾಲ್ಕನೇ ದಿನ ಅಧಿಕಾರಿಗಳು ಬಂದು ಕಡಿಯುವುದನ್ನು ನಿಲ್ಲಿಸಿದರು. ಅಷ್ಟರಲ್ಲಿ ಗುತ್ತೇದಾರನ ಆಳುಗಳು ಇನ್ನೊಂದು ದಾರಿಯಿಂದ ಹತ್ತಿ ಗುಡ್ಡದ ಆಚೆ ಮಗ್ಗುಲನ್ನು ಬೋಳು ಮಾಡಿದ್ದರು.

ಕೈಗೆ ಪಟ್ಟಿ ಕಟ್ಟಿಸಿಕೊಂಡು ಕುಳಿತಿದ್ದ ಆಕೆಯ ಮುಂದೆ ನಿಂತು ಒಪ್ಪಿಕೊಂಡೆ. ಆ ದೇಶದ ಲಾರಿಗಳು ಏನಾದವೋ ನನಗೆ ಗೊತ್ತಿರಲಿಲ್ಲ, ಸುಳ್ಳು ಹೇಳಿದ್ದೆ ಎಂದೆ. ಆಕೆ ನಕ್ಕಳು.

"ನಿಮ್ಮ ಮಾತಿಗೆ ಕುಂತೀನೇನ್ರಿ ನಾ? ಕಾಯಿ ಇನ್ನಾ ಎಳೇವು ಇದ್ವು, ಅದಕ್ಕ ಕುಂತೆ. ಆದ್ರ ಅವ್ರೂ ಕುಂತಾರ ಅಂತ ಓದಿ ಹೇಳಿದ್ದು ಚಲೋ ಆತು ಬಿಡ್ರಿ. ಮೊದಲ ದಿನ ನಾ ಒಬ್ಬಾಕೀನ ಇದ್ದೆ" ಎಂದಳು.

ಆ ಕೈ ಮತ್ತೆ ನೆಟ್ಟಗಾಗಲಿಲ್ಲ. ನನಗೆ ತುರ್ವಿಹಾಳಕ್ಕೆ ವರ್ಗವಾಯಿತು. ಆಕೆ ಹೋದ ಸುದ್ದಿ ಮುಟ್ಟಿದಾಗ ಮಣ್ಣು ಮಾಡಿ ತಿಂಗಳಾಗಿತ್ತು.

ಗುಡ್ಡದ ಈಚೆ ಮಗ್ಗುಲಲ್ಲಿ ಗಿಡಗಳು ಇವತ್ತಿಗೂ ಇವೆ ಎಂದು ಆ ಊರಿನ ಶಿಷ್ಯೆಯೊಬ್ಬಳು ಹೇಳುತ್ತಾಳೆ, ಬಂದು ನೋಡಿರೆಂದು ಕರೆಯುತ್ತಾಳೆ. ನಿವೃತ್ತಳಾಗಿದ್ದೇನೆ, ಪುರುಸೊತ್ತಿಗೇನೂ ಬರವಿಲ್ಲ. ಆದರೂ ಹೋಗಿಲ್ಲ. ಗಿಡಗಳಿದ್ದರೂ ಅಲ್ಲಿ ನನ್ನನ್ನು ಕ್ಷಮಿಸಿದಾಕೆ ಇಲ್ಲವಲ್ಲ...